ಎಮಿಲ್ ಕೊಸ್ಟ್ಕಾನ ಗೃಹಬಂಧನ

ಎಮಿಲ್ ಕೊಸ್ಟ್ಕಾ ತನ್ನ ರಿವಾಲ್ವರಿಗೆ ಗುಂಡು ಕೊಂಡದ್ದು ಕಳ್ಳರ ಭಯದಿಂದಲ್ಲ. ಬಾಯಿ ತಪ್ಪಿ ಆಡಿದ ಒಂದು ಮಾತನ್ನು ನಿಜ ಮಾಡುವುದಕ್ಕಾಗಿ.

ಅಕ್ಟೋಬರಿನ ಒಂದು ಬೆಳಿಗ್ಗೆ ಪಕ್ಕದ ಮನೆಯ ಮಿಸೆಸ್ ಫಸಾನೊ ಅವರ ಅಂಗಳದಿಂದ ಸಂತ ಅಂತೋನಿಯ ಪ್ರತಿಮೆ ಕಳವಾಯಿತು. ಕಳೆದ ವಸ್ತುಗಳನ್ನು ಹುಡುಕಿಕೊಡುವ ಸಂತನೇ ಕಳೆದುಹೋದರೆ ಯಾರನ್ನು ಬೇಡಿಕೊಳ್ಳಬೇಕು ಎಂಬ ಪ್ರಶ್ನೆಯನ್ನು ಹಿಡಿದುಕೊಂಡು ಆಲ್ಡರ್ ಬೀದಿಯವರೆಲ್ಲ ಅಲ್ಲಿ ಸೇರಿದ್ದರು. ಎಮಿಲ್ ಬೇಲಿಯ ಈಚೆ ಎಲೆ ಗುಡಿಸುತ್ತ ನಿಂತಿದ್ದ. ಗುಡಿಸುವಷ್ಟು ಎಲೆಯೇನೂ ಇರಲಿಲ್ಲ, ಆದರೆ ಪೊರಕೆ ಇಲ್ಲದೆ ಬರಿಗೈಯಲ್ಲಿ ನಿಂತರೆ ಮಾತು ಕದ್ದು ಕೇಳುತ್ತಿದ್ದಾನೆ ಅಂದುಕೊಳ್ಳುತ್ತಾರಲ್ಲ.

"ಎಮಿಲ್, ನಿನ್ನ ಮನೆಗೆ ಕಳ್ಳ ಬಂದ್ರೆ ಏನಯ್ಯಾ ಮಾಡ್ತೀಯ?" ಎಂದು ಎದುರು ಮನೆಯ ಡೂಲಿ ಕೇಳಿದ. ಡೂಲಿ ಮೂವತ್ತು ವರ್ಷ ಬಸ್ಸು ಓಡಿಸಿದವನು, ಎದುರಿಗಿದ್ದವರನ್ನೆಲ್ಲ ಮುಂದೆ ಹೋಗಿ ಮುಂದೆ ಹೋಗಿ ಎನ್ನುವ ದನಿಯಲ್ಲೇ ಮಾತಾಡಿಸುತ್ತಿದ್ದ.

ಆಲ್ಡರ್ ಬೀದಿ ಎಮಿಲ್‌ನಿಗೆ ಆರು ವರ್ಷದಲ್ಲಿ ಕೇಳಿದ ಮೊದಲ ಪ್ರಶ್ನೆ ಇದು. ಇಂಥ ಪ್ರಶ್ನೆಗೆ "ಪೊಲೀಸರಿಗೆ ಫೋನ್ ಮಾಡ್ತೀನಿ" ಎಂದರೆ ಮಾತು ಅಲ್ಲಿಗೇ ಮುಗಿದುಹೋಗುತ್ತದೆ.

"ಅಪ್ಪನ ರಿವಾಲ್ವರ್ ಇದೆ" ಎಂದ ಎಮಿಲ್.

ಎಲ್ಲರೂ ತಿರುಗಿ ನೋಡಿದರು. ಅದು ಬಹಳ ಹಿತವಾಗಿತ್ತು.

"ಗುಂಡು?" ಅಂದ ಡೂಲಿ.

"ಅದೂ ಇದೆ" ಅಂದ ಎಮಿಲ್. ಇರಲಿಲ್ಲ.

ಮೂವತ್ತೊಂದು ವರ್ಷ ಎಮಿಲ್ ಊರಿನ ನೀರು ಸರಬರಾಜಿನವರಲ್ಲಿ ಮೀಟರ್ ಓದುವ ಕೆಲಸ ಮಾಡಿದ್ದ. ಕಾರ್ವರ್ಟನ್ನಿನ ಯಾವ ಮನೆಯ ನೆಲಮಾಳಿಗೆಗೆ ಎಷ್ಟು ಮೆಟ್ಟಿಲು, ಅದರಲ್ಲಿ ಯಾವುದು ಅಲ್ಲಾಡುತ್ತದೆ, ಯಾರು ಮೀಟರಿನ ಮೇಲೆ ಕ್ರಿಸ್ಮಸ್ ದೀಪಗಳ ಡಬ್ಬ ಇಟ್ಟಿರುತ್ತಾರೆ, ಎಲ್ಲ ಅವನಿಗೆ ಬಾಯಿಪಾಠ. ಬಾಗಿಲು ತಟ್ಟಿ "ನೀರು" ಅಂದರೆ ಸಾಕು, ಊರೆಲ್ಲ ಬಾಗಿಲು ತೆರೆಯುತ್ತಿತ್ತು. ಮೆಟ್ಟಿಲಿಳಿಯುವಾಗ ಒಂದು ಮಾತು, ಹತ್ತುವಾಗ ಒಂದು ಬಿಸ್ಕತ್ತು. ಆಮೇಲೆ ರೇಡಿಯೊ ಮೀಟರ್ ಬಂತು. ಈಗ ಒಂದು ಬಿಳಿ ವ್ಯಾನು ಎಲ್ಲೂ ನಿಲ್ಲದೆ ಬೀದಿ ಹಾದು ಹೋಗುತ್ತದೆ, ಅಷ್ಟರಲ್ಲಿ ಎಲ್ಲರ ಮನೆಯ ಮೀಟರನ್ನೂ ಓದಿ ಮುಗಿಸಿರುತ್ತದೆ. ಎಮಿಲ್‌ನ ಕೈಗೆ ಒಂದು ಗಡಿಯಾರ ಕೊಟ್ಟು ಮನೆಗೆ ಕಳಿಸಿದರು. ಹೆಂಡತಿ ಅದಕ್ಕೂ ಎರಡು ವರ್ಷ ಮೊದಲೇ ಬಿಸಿಲು ಕಾಯಿಸಿಕೊಂಡು ಬರುತ್ತೇನೆಂದು ಫ್ಲಾರಿಡಾಕ್ಕೆ ಹೋಗಿದ್ದಳು, ಅವಳ ಬದಲಿಗೆ ವಿಚ್ಛೇದನದ ಕಾಗದ ಬಂದಿತ್ತು. ಹೀಗೆ ಆರು ವರ್ಷದಿಂದ ಅವನಿಗೆ ಯಾರೂ ಬಾಗಿಲು ತೆರೆದಿರಲಿಲ್ಲ, ಅವನ ಬಾಗಿಲನ್ನು ಯಾರೂ ತಟ್ಟಿಯೂ ಇರಲಿಲ್ಲ.

ನ್ಯೂಜೆರ್ಸಿಯಲ್ಲಿ ಗುಂಡು ಕೊಳ್ಳುವುದು ಅಂದರೆ ಬ್ರೆಡ್ಡು ಕೊಂಡಂತಲ್ಲ. ಮೊದಲು ಪರವಾನಗಿಯ ಕಾರ್ಡು ಮಾಡಿಸಬೇಕು. ಕಾರ್ಡಿನ ಅರ್ಜಿಯಲ್ಲಿ ನಿಮ್ಮನ್ನು ಬಲ್ಲ ಇಬ್ಬರ ಹೆಸರು ಬರೆಯಿರಿ ಎಂಬ ಒಂದು ಸಾಲಿತ್ತು. ಬೆರಳಚ್ಚು, ವಿಳಾಸ, ಕಾಯಿಲೆ ಕಸಾಲೆ ಎಲ್ಲವನ್ನೂ ಅರ್ಧ ಗಂಟೆಯಲ್ಲಿ ಮುಗಿಸಿದ ಎಮಿಲ್ ಈ ಒಂದು ಸಾಲಿನ ಮುಂದೆ ಒಂಬತ್ತು ದಿನ ಕೂತ. ಕೊನೆಗೆ ಹಲ್ಲಿನ ಡಾಕ್ಟರ ಹೆಸರನ್ನೂ ಕ್ಷೌರದಂಗಡಿಯವನ ಹೆಸರನ್ನೂ ಬರೆದ. ಅವನ ತಲೆಯ ಒಂದೊಂದು ಭಾಗವಾದರೂ ಇಬ್ಬರಿಗೂ ಚೆನ್ನಾಗಿ ಗೊತ್ತಿತ್ತು.

ಜನವರಿಯಲ್ಲಿ ಕಾರ್ಡು ಬಂತು. ಒಂದು ಸೋಮವಾರ ಎಮಿಲ್ ಹೆದ್ದಾರಿಯ ಬದಿಯ ಬಂದೂಕಿನ ಅಂಗಡಿಗೆ ಹೋದ. ಅಂಗಡಿಯ ವರ್ನನ್ ಇಪ್ಪತ್ತು ಗುಂಡಿನ ಒಂದು ಪೆಟ್ಟಿಗೆ ತೆಗೆದು ಮುಂದಿಟ್ಟ.

"ಟೊಳ್ಳು ತುದಿಯದ್ದು ತಗೊಳ್ಳಿ. ಮನೆ ಕಾಯೋದಕ್ಕೆ ಎಲ್ಲರೂ ಇದನ್ನೇ ಕೇಳ್ತಾರೆ. ಆದ್ರೆ ಒಂದು ವಿಷಯ. ನಮ್ಮ ರಾಜ್ಯದಲ್ಲಿ ಇದಕ್ಕೆ ಬೇರೆ ಕಾನೂನಿದೆ. ಅಂಗಡಿಯಿಂದ ಸೀದಾ ಮನೆಗೆ. ಮನೇಲಿಟ್ಕೊಳ್ಳಿ, ಯಾರೂ ಕೇಳಲ್ಲ. ಜೇಬಲ್ಲಿ ಹಾಕ್ಕೊಂಡು ಬೀದೀಲಿ ಅಡ್ಡಾಡಿದ್ರೆ ಮಾತ್ರ ಕೇಸು."

"ದಾರೀಲಿ ಹಾಲು ತಗೋಬಹುದಾ?"

ವರ್ನನ್ ಅವನ ಮುಖ ನೋಡಿದ. ತಮಾಷೆ ಮಾಡುತ್ತಿದ್ದಾನೆಂದು ತಿಳಿದು, "ನಾನಾಗಿದ್ರೆ ತಗೋತಿರ್ಲಿಲ್ಲಪ್ಪ" ಎಂದ.

ಎಮಿಲ್ ಹಾಲು ಕೊಳ್ಳಲಿಲ್ಲ. ಕೆಂಪು ದೀಪಕ್ಕೆ ನಿಲ್ಲುವುದು ಸೀದಾ ಹೋಗುವುದರಲ್ಲಿ ಸೇರುತ್ತದೋ ಇಲ್ಲವೋ ಎಂದು ಪ್ರತಿ ಕೆಂಪು ದೀಪದಲ್ಲೂ ಬೆವರುತ್ತ ಮನೆ ಮುಟ್ಟಿದ.

ಅಡಿಗೆಮನೆಯ ಮೇಜಿನ ಮೇಲೆ ಪೆಟ್ಟಿಗೆ ಸುರಿದು ಎಣಿಸಿದ, ಇಪ್ಪತ್ತು. ಮೀಟರ್ ಓದುವವನ ಕೈ, ಏನನ್ನಾದರೂ ಎಣಿಸದೆ ಬಿಡುವುದಿಲ್ಲ. ಗುಂಡುಗಳು ಉರುಳುವ ಜಾತಿಯವು, ಮೇಜು ಒಂದು ಕಡೆ ವಾಲುವ ಜಾತಿಯದು. ಮೇಜಿನ ಕೆಳಗೆ ಒಗೆದ ಬಟ್ಟೆಯ ಬುಟ್ಟಿ ಇತ್ತು. ಎರಡನೆಯ ಸಲ ಎಣಿಸಿದಾಗ ಹತ್ತೊಂಬತ್ತು. ಮೂರನೆಯ ಸಲವೂ ಹತ್ತೊಂಬತ್ತು.

ಬುಟ್ಟಿಯಲ್ಲಿದ್ದದ್ದು ಅವನ ಚಳಿಗಾಲದ ಬಟ್ಟೆಗಳಷ್ಟೂ. ಒಂದೊಂದನ್ನೂ ಕೊಡವಿದ. ಮೈಮೇಲಿದ್ದ ಕೋಟನ್ನು ಕೊಡವಿದ. ಅದರ ಜೇಬಿನಲ್ಲಿ ತೂತು, ತೂತಿನಾಚೆ ಅಸ್ತರಿ, ಅಸ್ತರಿಯೊಳಗೆ ಎಂದೋ ಬಿದ್ದ ಚಿಲ್ಲರೆ, ಗುಂಡಿ, ಒಂದು ಪೆನ್ಸಿಲ್ ತುಂಡು. ಹೊರಗಿನಿಂದ ಒತ್ತಿ ನೋಡಿದರೆ ಎಲ್ಲವೂ ಗುಂಡಿನಂತೆಯೇ ಕೈಗೆ ಸಿಗುತ್ತಿದ್ದವು. ಬೇರೆಯವನಾಗಿದ್ದರೆ ಹಾಳಾಗಿಹೋಗಲಿ ಎಂದು ಹೊರಗೆ ನಡೆದುಬಿಡುತ್ತಿದ್ದ. ಎಮಿಲ್ ಮೂವತ್ತೊಂದು ವರ್ಷ ಸರ್ಕಾರದ ಅಂಗಿ ತೊಟ್ಟವನು. ಗುಂಡು ಮನೆಯಲ್ಲಿರುವವರೆಗೆ ಅವನು ಸಭ್ಯ ಗೃಹಸ್ಥ. ಅದೇ ಗುಂಡು ಕಾಲುಚೀಲದೊಳಗೋ ಪ್ಯಾಂಟಿನ ಮಡಿಕೆಯೊಳಗೋ ಕೂತು ಅವನ ಜೊತೆ ಹೊಸ್ತಿಲು ದಾಟಿದರೆ ಅವನು ಅಪರಾಧಿ. ಹೀಗೆ ತರ್ಕ ಮಾಡಿ, ಗುಂಡು ಸಿಗುವವರೆಗೆ ಮನೆಯಿಂದ ಹೊರಗೆ ಕಾಲಿಡುವುದಿಲ್ಲ ಎಂದು ಎಮಿಲ್ ತೀರ್ಮಾನಿಸಿದ.

ನದಿಯಾಚೆ ಪೆನ್ಸಿಲ್ವೇನಿಯಾ ರಾಜ್ಯದಲ್ಲಿದ್ದ ಅಕ್ಕ ಲುಡ್ಮಿಲಾಗೆ ಫೋನ್ ಮಾಡಿದ.

"ಹತ್ತೊಂಬತ್ತು ಸಾಲದೇನೋ ನಿನಗೆ?" ಅಂದಳು ಅಕ್ಕ. "ನಿನ್ನ ಮನೆಗೆ ಎಷ್ಟು ಜನ ಕಳ್ಳರು ಬರ್ತಾರೆ ಅಂತ ಕಾಯ್ತಿದ್ದೀಯ? ಇಲ್ಲಿ ನನ್ನ ಕೈಚೀಲದ ತಳದಲ್ಲಿ ಲಿಪ್‌ಸ್ಟಿಕ್ ಜೊತೆ ಅಂಥವು ನಾಕಾರು ಬಿದ್ದಿರ್ತಾವೆ, ನಾನು ಚರ್ಚಿಗೂ ಹೋಗ್ತೀನಿ, ತರಕಾರಿಗೂ ಹೋಗ್ತೀನಿ."

"ನದಿ ಈಚೆ ಹಂಗಿಲ್ಲ ಅಕ್ಕ."

"ಅದಕ್ಕೇ ನದಿ ಈಚೆ ಇರಬೇಡ ಅಂತ ಮೂವತ್ತು ವರ್ಷದಿಂದ ಬಡ್ಕೋತಿದೀನಿ. ಮತ್ತೆ, ಊಟ ಆಯ್ತಾ?" ಎಂದು ಕೇಳಿ, ಉತ್ತರಕ್ಕೆ ಕಾಯದೆ ಫೋನ್ ಇಟ್ಟಳು.

ಪುರಸಭೆಗೂ ಫೋನ್ ಮಾಡಿದ. ಅಲ್ಲಿನ ಗುಮಾಸ್ತೆ ಬಹಳ ಸಮಾಧಾನದವಳು.

"ವಸ್ತು ಕಳೆದಿದೆ ಅಂತೀರೋ, ಕಳವಾಗಿದೆ ಅಂತೀರೋ?"

"ಕಳೆದಿದೆ. ಆದ್ರೆ ಮನೆ ಒಳಗೇ ಇದೆ."

"ಹಾಗಿದ್ರೆ ಕಳೆದಿಲ್ಲ."

"ಸಿಗ್ತಾ ಇಲ್ಲ."

"ಸರ್, ಅದನ್ನ ಮನೇಲಿ ಇಟ್ಕೊಳ್ಳೋದು ತಪ್ಪಲ್ಲ. ಮನೇಲಿ ಇದ್ದೂ ಸಿಗದೆ ಇರೋದಕ್ಕೆ ನಮ್ಮಲ್ಲಿ ಫಾರಂ ಇಲ್ಲ."

"ನಾನು ಹೊರಗೆ ಹೋಗಬಹುದಾ?"

"ನಿಮ್ಮ ಮೈಮೇಲೆ ಇಲ್ಲ ಅಂತ ಖಾತ್ರಿ ಇದ್ರೆ ಹೋಗಿ."

"ಖಾತ್ರಿ ಇಲ್ಲ."

"ಖಾತ್ರಿ ಮಾಡ್ಕೊಂಡು ಹೋಗಿ" ಎಂದು ಹೇಳಿ ಆಕೆ ಶುಭದಿನ ಹಾರೈಸಿದಳು.

ಖಾತ್ರಿ ಮಾಡಿಕೊಳ್ಳಲು ಕುರ್ಚಿ ಹತ್ತಿ ಕಪಾಟಿನ ಮೇಲೆ ನೋಡಿದ. ಉರುಳಿದ ವಸ್ತು ಮೇಲಕ್ಕೆ ಹೋಗುವುದಿಲ್ಲ ಎಂಬುದು ಹೊಳೆದದ್ದು ಕುರ್ಚಿಯಿಂದ ಬೀಳುವಾಗ. ಬಲಗಾಲಿನ ಹರಡು ಊದಿಕೊಂಡಿತು. ಫ್ರಿಜ್ಜಿನಲ್ಲಿ ಹೆಪ್ಪುಗಟ್ಟಿದ್ದ ಬಟಾಣಿಯ ಪೊಟ್ಟಣ ಇಟ್ಟು, ಪಟ್ಟಿ ಸುತ್ತಿ, ಮೇಲೆ ಕಾಲುಚೀಲ ಎಳೆದುಕೊಂಡ.

ಮರುದಿನ ಮಂಗಳವಾರ, ಕಸದ ದಿನ. ಆಲ್ಡರ್ ಬೀದಿಯಲ್ಲಿ ಮಂಗಳವಾರ ಬೆಳಿಗ್ಗೆ ಏಳಕ್ಕೆ ಎಲ್ಲರ ಕಸದ ಡ್ರಮ್ಮೂ ರಸ್ತೆಯಂಚಿಗೆ ಬಂದು ನಿಲ್ಲಬೇಕು. ಬಾರದ ಮನೆಯಲ್ಲಿ ಯಾರೋ ಸತ್ತಿದ್ದಾರೆ ಎಂದೇ ಲೆಕ್ಕ. ಎಮಿಲ್ ಕಸ ಹಾಕಲಿಲ್ಲ. ಕಸದ ಚೀಲದಲ್ಲಿ ಗುಂಡಿದ್ದರೆ? ಒಂಬತ್ತಕ್ಕೆ ಬಾಗಿಲ ಮೇಲೆ ದಬದಬ ಸದ್ದಾಯಿತು.

"ಎಮಿಲ್, ಬದುಕಿದೀರಾ?" ಮಿಸೆಸ್ ಫಸಾನೊ.

ಎಮಿಲ್ ಕುಂಟುತ್ತ ಬಂದು ಬಾಗಿಲು ತೆರೆದ. "ಬದುಕಿದೀನಿ. ಹೊರಗೆ ಬರೋ ಹಾಗಿಲ್ಲ ಅಷ್ಟೆ."

"ಹುಷಾರಿಲ್ವಾ?"

"ಹುಷಾರಿದೀನಿ. ಕಾನೂನು."

ಗುಂಡು ಕಳೆದುಕೊಂಡೆ ಎಂದು ಹೇಳಲು ಅವನಿಗೆ ನಾಚಿಕೆ. ಮೂರು ತಿಂಗಳ ಹಿಂದೆಯೇ ಗುಂಡಿದೆ ಎಂದವನು, ನಿನ್ನೆ ತಾನೇ ಕೊಂಡದ್ದೆಂದು ಈಗ ಹೇಳುವುದು ಹೇಗೆ? "ಅದರ ಬಗ್ಗೆ ಮಾತಾಡೋ ಹಾಗಿಲ್ಲ" ಎಂದುಬಿಟ್ಟ.

ಮಿಸೆಸ್ ಫಸಾನೊ ಎಪ್ಪತ್ತರ ಹೆಂಗಸು, ಕಣ್ಣು ಮಾತ್ರ ಇಪ್ಪತ್ತರದ್ದು. ಆ ಕಣ್ಣು ಎಮಿಲ್‌ನ ಮುಖದಿಂದ ಇಳಿದು ಹರಡಿಗೆ ಬಂದು ನಿಂತಿತು. ಕಾಲುಚೀಲದೊಳಗೆ ಒಂದು ಚೌಕದ ಉಬ್ಬು. ಆಕೆ ಎದೆಯ ಮೇಲೆ ಶಿಲುಬೆಯ ಗುರುತು ಮಾಡಿಕೊಂಡು ಬಂದ ದಾರಿಯಲ್ಲೇ ಹೋದರು. ಅಪರಾಧಿಗಳನ್ನು ಜೈಲಿಗೆ ಹಾಕದೆ ಕಾಲಿಗೆ ಯಂತ್ರ ಕಟ್ಟಿ ಮನೆಯಲ್ಲೇ ಕೂರಿಸುವುದನ್ನು ಆಕೆ ಟೀವಿಯಲ್ಲಿ ಎಷ್ಟೋ ಸಲ ನೋಡಿದ್ದರು.

ಮಧ್ಯಾಹ್ನದೊಳಗೆ ಎಮಿಲ್ ಗೃಹಬಂಧನದಲ್ಲಿದ್ದಾನೆಂದು ಬೀದಿಗೆಲ್ಲ ಗೊತ್ತಾಯಿತು. ಸಂಜೆಯೊಳಗೆ ಯಾಕೆಂದೂ ಗೊತ್ತಾಯಿತು. ಇದನ್ನು ಪತ್ತೆ ಮಾಡಿದವನು ಡೂಲಿ. ಕಳ್ಳ ಬಂದರೆ ರಿವಾಲ್ವರ್ ಇದೆ ಎಂದು ಅಕ್ಟೋಬರಿನಲ್ಲಿ ಹೇಳಿದವನು ಯಾರು? ಎಮಿಲ್. ಅಂದಿನಿಂದ ಬೀದಿಯಲ್ಲಿ ಒಂದಾದರೂ ಕಳವಾಗಿದೆಯೇ? ಇಲ್ಲ. ಯಾಕಿಲ್ಲ? ಯಾರೋ ಕಳ್ಳನಿಗೆ ಬುದ್ಧಿ ಕಲಿಸಿದ್ದಾರೆ. ಕಲಿಸಿದವನಿಗೇ ನಮ್ಮ ರಾಜ್ಯದವರು ಬೇಡಿ ಹಾಕಿದ್ದಾರೆ. ಎಲ್ಲ ಸರಿಯಾಗಿ ಕೂತಿತು.

ಬುಧವಾರ ಮಿಸೆಸ್ ಫಸಾನೊ ಒಂದು ದೊಡ್ಡ ಟ್ರೇ ತುಂಬ ಚೀಸ್ ಹಾಕಿ ಬೇಯಿಸಿದ ಜೀಟಿ ಪಾಸ್ತಾ ತಂದರು.

"ಸಂತ ಅಂತೋನಿಗೋಸ್ಕರ ಇಷ್ಟು ಮಾಡಿದ್ರಲ್ಲ" ಅಂದರು ಮೇಜಿನ ಮೇಲೆ ಇಡುತ್ತ. ಕಣ್ಣು ತುಂಬಿತ್ತು.

"ನಾನೇನೂ ಮಾಡ್ಲಿಲ್ಲ" ಅಂದ ಎಮಿಲ್. ಇದು ಅಪ್ಪಟ ಸತ್ಯವಾಗಿತ್ತು.

"ವಕೀಲ ಹಂಗೇ ಹೇಳು ಅಂದಿರ್ತಾನೆ. ನಾನು ಕೇಳಲ್ಲ. ತಿನ್ನಿ."

ಆಕೆ ಎದುರಿಗೆ ಕೂತು ಅವನು ತಿನ್ನುವುದನ್ನು ನೋಡಿದರು. ಬೇರೆಯವರ ಕೈಯಡಿಗೆಯನ್ನು, ಬೇರೆಯವರು ನೋಡುತ್ತಿರುವಾಗ ತಿಂದು ಎಷ್ಟು ಕಾಲವಾಗಿತ್ತೆಂದರೆ ಎಮಿಲ್ ಮೊದಲ ನಾಲ್ಕು ತುತ್ತನ್ನು ಎಣಿಸಿಕೊಂಡು ತಿಂದ. ಇನ್ನೊಮ್ಮೆ ನಿಜ ಹೇಳೋಣ ಎಂದುಕೊಂಡ. ಆಮೇಲೆ ಜೀಟಿ ಮುಗಿಯಲಿ ಎಂದುಕೊಂಡ. ಟ್ರೇ ದೊಡ್ಡದಿತ್ತು.

ಡೂಲಿ ಬಂದ, ಜೊತೆಯಲ್ಲಿ ಹೆಂಡತಿ, ಆಕೆಯ ಕೈಯಲ್ಲಿ ಕೇಕು. ಮೂಲೆಮನೆಯ ದಂಪತಿಗಳು ಬಂದರು. ಎಮಿಲ್‌ನ ನಾಲ್ಕು ಕುರ್ಚಿ ಸಾಲದೆ ಡೂಲಿ ತನ್ನ ಮನೆಯಿಂದ ಮಡಿಸುವ ಕುರ್ಚಿ ತಂದ.

"ಸ್ವಂತ ಮನೆ ಕಾಯ್ಕೊಳ್ಳೋ ಹಾಗಿಲ್ಲ ಅಂದ್ರೆ ಇದೆಂಥ ರಾಜ್ಯ ರೀ" ಎಂದು ಮೂಲೆಮನೆಯಾತ ಕೇಳಿದ.

"ಮನೇಲಿ ಕಾಯ್ಕೋಬಹುದು. ಬೀದೀಲಿ ತಗೊಂಡು ಹೋಗೋ ಹಾಗಿಲ್ಲ" ಎಂದ ಎಮಿಲ್. ಆ ಒಂದು ವಿಷಯ ಅವನಿಗೆ ಈಗ ಚೆನ್ನಾಗಿ ಗೊತ್ತಿತ್ತು.

"ಅಂದ್ರೆ ಬೀದೀಲೇ ಆಗಿದ್ದು" ಎಂದು ಡೂಲಿ ಎಲ್ಲರ ಕಡೆಗೂ ನೋಡಿ ತಲೆಯಾಡಿಸಿದ. ಬಗ್ಗಿ ಹರಡನ್ನು ನೋಡಿ, "ಮುಟ್ಟಬಹುದಾ?" ಅಂದ.

"ಮುಟ್ಟಬೇಡ."

"ಮುಟ್ಟಿದ್ರೆ ಅವರಿಗೆ ಗೊತ್ತಾಗುತ್ತಾ?"

"ನನಗೆ ಗೊತ್ತಾಗುತ್ತೆ" ಅಂದ ಎಮಿಲ್.

ಡೂಲಿ ಗೌರವದಿಂದ ಕೈ ಹಿಂದಕ್ಕೆ ತೆಗೆದ.

ಮೂಲೆಮನೆಯಾಕೆ ನೆಲಮಾಳಿಗೆಯ ಮಾತು ತೆಗೆದಳು. ತೇವ ಬರುತ್ತಿದೆಯಂತೆ. ಎಮಿಲ್ ಕೂತಲ್ಲಿಂದಲೇ, ನಿಮ್ಮದು ಹನ್ನೊಂದು ಮೆಟ್ಟಿಲು, ಏಳನೆಯದು ಅಲ್ಲಾಡುತ್ತದೆ, ಉತ್ತರದ ಗೋಡೆಯ ಪೈಪಿನ ಬುಡ ನೋಡಿ ಅಂದ. ಎಲ್ಲರೂ ಬೆರಗಾದರು. ಒಬ್ಬೊಬ್ಬರೂ ತಮ್ಮ ಮನೆಯ ನೆಲಮಾಳಿಗೆಯ ಬಗ್ಗೆ ಕೇಳಿದರು, ಎಮಿಲ್ ಒಬ್ಬೊಬ್ಬರಿಗೂ ಹೇಳಿದ. ಜೋರಾಗಿ ನಕ್ಕದ್ದು ಯಾರೆಂದು ತಿರುಗಿ ನೋಡಿ, ಅದು ತಾನೇ ಎಂದು ತಿಳಿದು ಅವನಿಗೇ ಆಶ್ಚರ್ಯವಾಯಿತು.

ಗುರುವಾರವೂ ಬಂದರು. ಶುಕ್ರವಾರ ಬೆಳಿಗ್ಗೆ, ಜನ ಬರುವ ಮೊದಲು ಎಮಿಲ್ ನೆಲ ಗುಡಿಸುತ್ತಿದ್ದ. ಫ್ರಿಜ್ಜಿನ ಕೆಳಗೆ ಪೊರಕೆಗೆ ಏನೋ ತಗುಲಿತು. ಎಳೆದ. ಧೂಳು ಮೆತ್ತಿಕೊಂಡ ಗುಂಡು ಉರುಳಿ ಬಂದು ಅವನ ಚಪ್ಪಲಿಗೆ ತಾಗಿ ನಿಂತಿತು.

ನಾಲ್ಕು ದಿನ ಮೊಣಕಾಲೂರಿ ಹುಡುಕಿದ ವಸ್ತು. ಅದನ್ನು ಎತ್ತಿ ಪೆಟ್ಟಿಗೆಗೆ ಹಾಕಿದರೆ ಲೆಕ್ಕ ಸರಿಹೋಗುತ್ತಿತ್ತು, ಕೋಟು ಹಾಕಿಕೊಂಡು ಹೊರಗೆ ಹೋಗಿ ಹಾಲು ತರಬಹುದಿತ್ತು. ಎಮಿಲ್‌ನಿಗೆ ಸಂತೋಷವಾಗಲಿಲ್ಲ. ಕಿಟಕಿಯಿಂದ ನೋಡಿದ. ಮಿಸೆಸ್ ಫಸಾನೊ ಕೈಯಲ್ಲಿ ಪಾತ್ರೆ ಹಿಡಿದು ಹಿಮದ ಮೇಲೆ ಹುಷಾರಾಗಿ ಹೆಜ್ಜೆಯಿಡುತ್ತ ಬರುತ್ತಿದ್ದರು. ಎಮಿಲ್ ಪೊರಕೆ ತಿರುಗಿಸಿ ಹಿಡಿದು ಗುಂಡನ್ನು ಫ್ರಿಜ್ಜಿನ ಕೆಳಗೆ, ಮೊದಲಿಗಿಂತ ಇನ್ನೂ ಒಂದು ಗೇಣು ಹಿಂದಕ್ಕೆ, ಜೋಪಾನವಾಗಿ ತಳ್ಳಿದ. ಆಮೇಲೆ ಬಾಗಿಲು ತೆರೆದ.

ಅಷ್ಟಕ್ಕೇ ನಿಂತಿದ್ದರೆ ಎಮಿಲ್ ಈ ಹೊತ್ತಿಗೂ ಸುಖವಾಗಿ ಗೃಹಬಂಧನದಲ್ಲೇ ಇರುತ್ತಿದ್ದ. ಆದರೆ ಒಳ್ಳೆಯ ಜನ ಒಂದು ಸಲ ಉಪಕಾರಕ್ಕೆ ನಿಂತರೆ ಅವರನ್ನು ತಡೆಯುವುದು ಕಷ್ಟ. ಎಮಿಲ್‌ನ ಬಿಡುಗಡೆಗಾಗಿ ಡೂಲಿ ಒಂದು ಮನವಿ ಬರೆದ. ನಲವತ್ತಮೂರು ಜನ ಸಹಿ ಹಾಕಿದರು. ಹಲ್ಲಿನ ಡಾಕ್ಟರೂ ಹಾಕಿದರು. ಶನಿವಾರ ಬೆಳಿಗ್ಗೆ ಡೂಲಿ ಅದನ್ನು ಠಾಣೆಗೆ ಕೊಂಡೊಯ್ದು ಸಾರ್ಜೆಂಟ್ ಬರ್ಡ್ಸಾಲ್‌ನ ಮೇಜಿನ ಮೇಲೆ ಬಡಿದ.

ಬರ್ಡ್ಸಾಲ್ ಐವತ್ತು ದಾಟಿದ, ಬೆನ್ನು ನೋವಿನ ಮನುಷ್ಯ. ಕಂಪ್ಯೂಟರ್ ನೋಡಿದ. ಇನ್ನೊಂದು ಸಲ ನೋಡಿದ.

"ಈ ಹೆಸರಿನವರನ್ನ ನಾವು ಹಿಡಿದೇ ಇಲ್ವಲ್ಲ."

"ಹಂಗೇ ಹೇಳ್ತೀರಿ ಅಂತ ಗೊತ್ತಿತ್ತು" ಅಂದ ಡೂಲಿ.

ಹನ್ನೊಂದು ಗಂಟೆಗೆ ಎಮಿಲ್‌ನ ಅಡಿಗೆಮನೆಯಲ್ಲಿ ಒಂಬತ್ತು ಜನ ಕೂತು ತಿನ್ನುತ್ತಿದ್ದಾಗ ಸಾರ್ಜೆಂಟ್ ಒಳಗೆ ಬಂದ. ಮಿಸೆಸ್ ಫಸಾನೊ ಎದ್ದು ಎಮಿಲ್‌ನ ಮುಂದೆ ಅಡ್ಡ ನಿಂತರು.

"ಕರ್ಕೊಂಡು ಹೋಗೋದಾದ್ರೆ ನನ್ನನ್ನೂ ಕರ್ಕೊಂಡು ಹೋಗಿ. ಅವರು ನನ್ನ ಸಂತನಿಗೋಸ್ಕರ ಮಾಡಿದ್ದು."

"ಯಾರನ್ನೂ ಕರ್ಕೊಂಡು ಹೋಗಲ್ಲಮ್ಮ" ಎಂದ ಬರ್ಡ್ಸಾಲ್. "ಮಿಸ್ಟರ್ ಕೊಸ್ಟ್ಕಾ, ನಿಮ್ಮ ಕಾಲಲ್ಲಿ ಏನಿದೆ?"

ಎಮಿಲ್ ಕಾಲುಚೀಲ ಇಳಿಸಿದ. ಪಟ್ಟಿ ಬಿಚ್ಚಿದ. ಬಟಾಣಿಯ ಪೊಟ್ಟಣ ನೆಲಕ್ಕೆ ಬಿತ್ತು. ಒಂಬತ್ತು ಜನರೂ ಅದನ್ನೇ ನೋಡಿದರು.

ಇನ್ನು ಮುಚ್ಚಿಡುವಂತಿರಲಿಲ್ಲ. ಎಮಿಲ್ ತಲೆ ತಗ್ಗಿಸಿ ಎಲ್ಲ ಹೇಳಿದ. ಅಕ್ಟೋಬರಿನ ಸುಳ್ಳು, ಸೋಮವಾರದ ಪೆಟ್ಟಿಗೆ, ವಾಲುವ ಮೇಜು, ಹತ್ತೊಂಬತ್ತು. ಶುಕ್ರವಾರದ ಪೊರಕೆಯ ವಿಷಯ ಒಂದನ್ನು ಮಾತ್ರ ಬಿಟ್ಟ. ತಾನು ಯಾರನ್ನೂ ಹೊಡೆದಿಲ್ಲ, ಹೊಡೆಯುವ ಧೈರ್ಯವೂ ತನಗಿಲ್ಲ ಎಂದ. ಎಲ್ಲರೂ ಎದ್ದು ತಮ್ಮ ತಮ್ಮ ಪಾತ್ರೆ ತೆಗೆದುಕೊಂಡು ಬೈಯುತ್ತ ಹೋಗುತ್ತಾರೆಂದು ಕಾದ.

ಯಾರೂ ಬೈಯಲಿಲ್ಲ. ಎಲ್ಲರಿಗೂ ಹೇಳಲಾರದಷ್ಟು ಸಂತೋಷವಾಯಿತು.

"ಅಂದ್ರೆ ಕೇಸೇ ಇಲ್ವಾ?" ಎಂದು ಮಿಸೆಸ್ ಫಸಾನೊ ಸಾರ್ಜೆಂಟನನ್ನು ಕೇಳಿದರು.

"ಇಲ್ಲ. ಸ್ವಂತ ಮನೇಲಿ ಗುಂಡು ಉರುಳಿಸ್ಕೊಂಡು ಕುಂಟುತ್ತಾ ಕೂತೋರನ್ನ ಹಿಡಿಯೋಷ್ಟು ಪುರುಸೊತ್ತು ನಮಗಿಲ್ಲ."

"ಒಂದು ಗುಂಡಿಗೋಸ್ಕರ ಐದು ದಿನ ಕೂತಿದ್ಯಾ ಮಾರಾಯ" ಎಂದು ಡೂಲಿ ಅಂಗಿಯ ತೋಳು ಮಡಚಿದ. "ಎಲ್ಲಿ, ಏಳಿ ಎಲ್ಲರೂ."

ಒಂಬತ್ತು ಜನ ಹುಡುಕಲು ಇಳಿದರು. ಎಮಿಲ್, "ಅಲ್ಲಿ ನೋಡಿದೀನಿ, ಫ್ರಿಜ್ ಭಾರ, ನಿನ್ನ ಸೊಂಟಕ್ಕೆ ಒಳ್ಳೇದಲ್ಲ" ಎನ್ನುತ್ತಿರುವಾಗಲೇ ಡೂಲಿ ಅದನ್ನು ಅಪ್ಪಿಕೊಂಡು ಪಕ್ಕಕ್ಕೆ ಸರಿಸಿದ. ಹುಡುಕಾಟ ಅರ್ಧ ನಿಮಿಷಕ್ಕೆ ಮುಗಿಯಿತು. ಡೂಲಿ ಗುಂಡನ್ನು ಎತ್ತಿ ತೋರಿಸಿದ, ಎಲ್ಲರೂ ಚಪ್ಪಾಳೆ ತಟ್ಟಿದರು. ಮಿಸೆಸ್ ಫಸಾನೊ ಎಮಿಲ್‌ನ ಎರಡು ಕೆನ್ನೆಗೂ ಮುತ್ತು ಕೊಟ್ಟು, "ಬಿಡುಗಡೆ ಆಯ್ತಲ್ಲಪ್ಪ, ಇನ್ನು ಎಲ್ಲಿ ಬೇಕಾದ್ರೂ ಓಡಾಡಿ" ಎಂದರು. ಆಮೇಲೆ ಟ್ರೇ ತೊಳೆದು ಎತ್ತಿಕೊಂಡರು. ಡೂಲಿ ಮಡಿಸುವ ಕುರ್ಚಿಗಳನ್ನು ಮಡಿಸಿದ.

ಬಾಗಿಲಲ್ಲಿ ಸಾರ್ಜೆಂಟ್ ತಿರುಗಿ ನಿಂತ. "ನಿಮಗೆ ಆ ಗುಂಡು ನಿಜವಾಗ್ಲೂ ಬೇಕಾ?"

"ಬೇಡ ಅನ್ಸುತ್ತೆ."

"ಹಂಗಾದ್ರೆ ನೀವೇ ಜೇಬಲ್ಲಿಟ್ಕೊಂಡು ಠಾಣೆಗೆ ಬರಬೇಡಿ. ಒಂದು ಫೋನ್ ಮಾಡಿ, ನಾವೇ ಬಂದು ತಗೊಂಡು ಹೋಗ್ತೀವಿ."

ಭಾನುವಾರ ಯಾರೂ ಬರಲಿಲ್ಲ. ಎಮಿಲ್ ಕಾಫಿಯ ಪಾತ್ರೆ ತುಂಬ ಕಾಫಿ ಮಾಡಿಟ್ಟುಕೊಂಡು ಕೂತಿದ್ದ. ಸೋಮವಾರ ಕೋಟು ಹಾಕಿಕೊಂಡು ಬೀದಿಯ ಕೊನೆಯವರೆಗೆ ನಡೆದ. ಕಾನೂನಿನ ಅಡ್ಡಿ ಎಲ್ಲೂ ಇರಲಿಲ್ಲ. ಡೂಲಿ ಕಾರಿನಿಂದ ಹಾರ್ನ್ ಮಾಡಿ ಕೈ ಬೀಸಿ ಹೋದ. ಎಮಿಲ್ ಪಕ್ಕದ ಮನೆಯ ಬಾಗಿಲು ತಟ್ಟಿದ. ಮಿಸೆಸ್ ಫಸಾನೊ ಮಗಳ ಮನೆಗೆ ಹೊರಟು ನಿಂತಿದ್ದರು.

"ಏನಾದ್ರೂ ಬೇಕಿತ್ತಾ ಎಮಿಲ್?"

"ಏನಿಲ್ಲ. ಸುಮ್ನೆ ಬಂದೆ."

"ಓಡಾಡ್ತಿದೀರಲ್ಲ, ನೋಡಿ ಖುಷಿಯಾಯ್ತು. ಇನ್ನೇನು, ನೀವೂ ಹೊರಗೆ ಬರಬಹುದು, ನಾನೂ ಇಲ್ಲೇ ಇರ್ತೀನಿ, ಯಾವಾಗ ಬೇಕಾದ್ರೂ ಸಿಗೋಣ" ಎಂದು ಆಕೆ ಬೀಗ ಹಾಕಿಕೊಂಡು ಹೋದರು. ಅದು ಮನಸಾರೆ ಹೇಳಿದ ಮಾತು. ಆದರೆ ಯಾವಾಗ ಬೇಕಾದರೂ ಸಿಗಬಹುದಾದವರು ಯಾವತ್ತೂ ಸಿಗುವುದಿಲ್ಲ ಎಂಬುದು ಎಮಿಲ್‌ನಿಗೆ ಆರು ವರ್ಷದ ಅನುಭವ. ಜನಕ್ಕೆ ಅವನ ಮೇಲೆ ಬೇಸರವೂ ಇರಲಿಲ್ಲ, ಸಿಟ್ಟೂ ಇರಲಿಲ್ಲ. ಅವನು ಚೆನ್ನಾಗಿದ್ದಾನೆಂದು ಎಲ್ಲರಿಗೂ ಗೊತ್ತಾಗಿತ್ತು, ಅಷ್ಟೇ.

ಬುಧವಾರ ಬೆಳಿಗ್ಗೆ ಎಮಿಲ್ ಠಾಣೆಗೆ ಫೋನ್ ಮಾಡಿದ. ಹತ್ತು ಗಂಟೆಗೆ ಸಾರ್ಜೆಂಟ್ ಬರ್ಡ್ಸಾಲ್ ರಬ್ಬರ್ ಕೈಗವಸು ಹಾಕಿಕೊಂಡು, ಒಂದು ಪ್ಲಾಸ್ಟಿಕ್ ಡಬ್ಬ ಮತ್ತು ಸಹಿ ಮಾಡಿಸುವ ಕಾಗದ ಹಿಡಿದು ಬಂದ. ಎಮಿಲ್ ಇಸ್ತ್ರಿ ಮಾಡಿದ ಅಂಗಿ ತೊಟ್ಟಿದ್ದ. ಮೇಜಿನ ಮೇಲೆ ಎರಡು ಕಪ್ಪು, ಒಂದು ತಟ್ಟೆಯಲ್ಲಿ ಕೇಕು, ಇನ್ನೊಂದು ತಟ್ಟೆಯ ನಡುವೆ ಒಂದೇ ಒಂದು ಗುಂಡು ಇತ್ತು.

ಸಾರ್ಜೆಂಟ್ ಗುಂಡನ್ನು ಡಬ್ಬಕ್ಕೆ ಹಾಕಿ, ಸುತ್ತ ನೋಡಿದ. "ಉಳಿದದ್ದು?"

"ಉಳಿದದ್ದು ಕೊಡಬೇಕಾದಾಗ ಮತ್ತೆ ಫೋನ್ ಮಾಡ್ತೀನಿ."

"ಯಾಕೆ ಮಿಸ್ಟರ್ ಕೊಸ್ಟ್ಕಾ, ಒಟ್ಟಿಗೇ ಕೊಟ್ಬಿಡಿ. ಒಂದೇ ಸಲಕ್ಕೆ ಮುಗಿದು ಹೋಗುತ್ತೆ."

ಎಮಿಲ್ ಕಪ್ಪಿನ ಹಿಡಿಯನ್ನು ಸಾರ್ಜೆಂಟನ ಕಡೆಗೆ ತಿರುಗಿಸಿಟ್ಟ. ಏನು ಹೇಳಬೇಕೆಂದು ಬೆಳಗಿನಿಂದ ಮೂರು ನಾಲ್ಕು ನೆಪ ಜೋಡಿಸಿಕೊಂಡಿದ್ದ. ಈಗ ಒಂದೂ ನೆನಪಿಗೆ ಬರಲಿಲ್ಲ.

"ಒಟ್ಟಿಗೇ ಕೊಟ್ರೆ ಮತ್ತೆ ನೀವು ಬರೋದಿಲ್ವಲ್ಲ" ಅಂದ.

ಸಾರ್ಜೆಂಟ್ ಕಾಗದವನ್ನು ಡಬ್ಬದ ಪಕ್ಕದಲ್ಲಿಟ್ಟ. ಆಮೇಲೆ ಟೋಪಿ ತೆಗೆದು ಮೇಜಿನ ಮೇಲಿಟ್ಟ, ಬೆನ್ನು ಹಿಡಿದುಕೊಂಡು ನಿಧಾನವಾಗಿ ಕುರ್ಚಿಯಲ್ಲಿ ಕೂತ.

"ಬುಧವಾರ ನನಗೂ ಅನುಕೂಲ" ಅಂದ. "ಸಕ್ಕರೆ ಎರಡು ಚಮಚ ಹಾಕಿ."